ಬಿಟ್ಟ ಹೊಲ

"ಇದು ಅವರ ಕೈ," ಎಂದಳು ಅಜ್ಜಿ.

ಬದುವಿನ ಮೇಲೆ ಕುಕ್ಕರಗಾಲಿನಲ್ಲಿ ಕೂತು, ಹೊಸದಾಗಿ ಕೊಯ್ದ ಹುಲ್ಲಿನ ಕೂಳೆಯ ಮೇಲೆ ಅವಳು ಅಂಗೈ ಆಡಿಸುತ್ತಿದ್ದಳು. ಮಲಗಿದ ಮಗುವಿನ ತಲೆ ಸವರುವಷ್ಟು ಮೆಲ್ಲಗೆ.

ಇನ್‌ಸ್ಪೆಕ್ಟರಮ್ಮನೂ ಬಗ್ಗಿ ಮುಟ್ಟಿ ನೋಡಿದಳು. ಒಂದು ಕಡೆಯಿಂದ ಸವರಿದರೆ ನುಣ್ಣಗಿತ್ತು, ಇನ್ನೊಂದು ಕಡೆಯಿಂದ ಸವರಿದರೆ ಚುಚ್ಚಿತು. ಪಕ್ಕದ ಹೊಲದವರ ಬದುವಿನಲ್ಲಿ ಕೂಳೆಯ ತುದಿಗಳೆಲ್ಲ ಇತ್ತ ವಾಲಿದ್ದರೆ ಇಲ್ಲಿ ಅತ್ತ ವಾಲಿದ್ದವು. ಕೊಯ್ದವರು ಎಡಗೈಯವರು. ಕೂಳೆಯ ಬುಡ ಇನ್ನೂ ಹಸಿಯಾಗಿತ್ತು.

ಅಂದರೆ ಅಜ್ಜಿಯ ಗಂಡ ಎಡಚಜ್ಜ ಬದುಕಿದ್ದಾನೆ. ಬದುಕಿರುವುದಷ್ಟೇ ಅಲ್ಲ, ಯಾರ ಕಣ್ಣಿಗೂ ಬೀಳದೆ ಬಂದು ತನ್ನ ಬದು ಸವರಿ ಹೋಗುತ್ತಿದ್ದಾನೆ.

ಅವನು ಕಾಣೆಯಾಗಿ ವಾರಗಳೇ ಕಳೆದಿದ್ದವು. ಹೋದ ಮೇಲಷ್ಟೇ ಅಜ್ಜಿಗೆ ತಿಳಿದದ್ದು, ಉಳುವವರ ಹೆಸರಿಗೆ ಹೊಲ ಮಾಡಿಕೊಡುವ ಭೂ ನ್ಯಾಯಮಂಡಳಿಯ ಕಚೇರಿಗೆ ಅವನು ಹೋಗಿ, "ಗೇಣಿ ಹೊಲವನ್ನು ಬಿಟ್ಟುಕೊಟ್ಟಿರುತ್ತೇನೆ" ಎಂಬ ಹೇಳಿಕೆಗೆ ಹೆಬ್ಬೆಟ್ಟು ಒತ್ತಿದ್ದಾನೆ ಎಂದು. ಆ ಹೇಳಿಕೆ ನಿಂತರೆ ಹೊಲ ಅದರ ಒಡೆಯರಾದ ಯಜಮಾನರ ಪಾಲು. ಬಿದ್ದರೆ ಇಷ್ಟು ಕಾಲ ಉತ್ತವರ ಪಾಲು. ಅಂತಿಮ ವಿಚಾರಣೆ ಇವತ್ತೇ ಮಧ್ಯಾಹ್ನ.

"ಹೊಲ ಹೋದ್ರೆ ಹೋಗ್ಲಿ ಮಗಳೇ, ಕೂಲಿ ಮಾಡ್ತೀನಿ," ಎಂದಳು ಅಜ್ಜಿ, ಕೈ ತೆಗೆಯದೆ. "ನನಗೊಂದು ಮಾತು ಹೇಳದೆ ಬಿಟ್ಟುಕೊಟ್ರಲ್ಲ. ಹೊಲ ಬಿಟ್ಟವರು ನನ್ನನ್ನೂ ಬಿಟ್ರಾ? ಅದೊಂದು ತಿಳ್ಕೊಂಡು ಹೇಳು ಸಾಕು."

ಮನಸ್ಸು ಕರಗಿದಾಗಲೆಲ್ಲ ಇನ್‌ಸ್ಪೆಕ್ಟರಮ್ಮ ಸಿಡುಕುತ್ತಾಳೆ. ಈಗಲೂ ಸಿಡುಕಿ, ಬಿಸಿಲಲ್ಲಿ ಹೀಗೆ ಕೂತರೆ ತಲೆ ಸುತ್ತುತ್ತದೆ, ಏಳಿ ಎಂದು ಗದರಿದಳು. ಅಜ್ಜಿ ಎದ್ದಳು. ಎದ್ದವಳು ಸುಮ್ಮನಿರದೆ, ನೀನು ಬೆಳಿಗ್ಗೆ ಏನೂ ತಿಂದಿಲ್ಲ, ಮುಖ ನೋಡಿದರೇ ಗೊತ್ತಾಗುತ್ತದೆ ಎಂದು ವಾಪಸ್ ಗದರಿದಳು. ಠಾಣೆಯಲ್ಲಿ ಎಲ್ಲರಿಗೂ ಮೇಡಂ ಆಗಿದ್ದವಳಿಗೆ ಇನ್‌ಸ್ಪೆಕ್ಟರಮ್ಮ ಎಂದು ಹೆಸರಿಟ್ಟವಳೂ ಈ ಅಜ್ಜಿಯೇ. ದೂರು ಕೊಡಲು ಬಂದ ದಿನ ಕರೆದದ್ದು. ಅದೆಷ್ಟು ಚೆನ್ನಾಗಿ ಅಂಟಿಕೊಂಡಿತೆಂದರೆ ಈಗ ಸ್ವಂತ ಅತ್ತೆಯೂ ಮನೆಯಲ್ಲಿ ಹಾಗೇ ಕರೆಯುತ್ತಾರೆ, ಅದೂ ಪಾತ್ರೆ ತೊಳೆಯಲು.

ಇಬ್ಬರೂ ಹೊಲದ ಕೊನೆಯವರೆಗೆ ನಡೆದರು. ಉಳಿದ ಹೊಲದಲ್ಲಿ ಪೈರು ಮೊಣಕಾಲೆತ್ತರ ನಿಂತಿತ್ತು. ಕೊನೆಯ ತುಂಡಿನಲ್ಲಿ ಮಾತ್ರ ನೇಗಿಲು ಮುಟ್ಟಿದ ಗುರುತಿರಲಿಲ್ಲ. ಬರೀ ಕಳೆ.

"ಇದ್ಯಾಕೆ ಅಜ್ಜಿ ಹೀಗಿದೆ?"

"ಇದನ್ನ ಈ ಸಲ ಬಿಟ್ಟಿದಾರೆ."

ಇನ್‌ಸ್ಪೆಕ್ಟರಮ್ಮ ನಿಂತಲ್ಲೇ ನಿಂತಳು. "ಏನಂದ್ರಿ?"

"ಬಿಟ್ಟಿದಾರೆ ಅಂದೆ. ಬಿತ್ತದೆ ಹಾಗೇ ಬಿಟ್ಟಿದಾರೆ. ಮಣ್ಣಿಗೆ ಸುಸ್ತಾಗಿದೆ, ನಮ್ಮ ಹೆಸರಿಗೆ ಬರೋ ಹೊತ್ತಿಗೆ ಸ್ವಲ್ಪ ಚೇತರಿಸಿಕೊಳ್ಳಲಿ ಅಂದ್ರು. ಯಾಕೆ, ತಪ್ಪಾ?"

ತಪ್ಪೇನಿಲ್ಲ ಎಂದು ಇನ್‌ಸ್ಪೆಕ್ಟರಮ್ಮ ಅಜ್ಜಿಯ ಎರಡೂ ಕೈ ಹಿಡಿದು ಅಲುಗಿಸಿದಳು. ಮನಸ್ಸು ಆಗಲೇ ಓಡತೊಡಗಿತ್ತು. ಮುದುಕ ಕಚೇರಿಗೆ ಹೋಗಿದ್ದಾನೆ. ಹೊಲ ಹೇಗಿದೆ ಎಂದು ಕೇಳಿದ್ದಾರೆ. ಕೊನೇ ತುಂಡು ಬಿಟ್ಟಿದೀನಿ ಸ್ವಾಮಿ ಎಂದಿದ್ದಾನೆ. ಬರೆದುಕೊಳ್ಳುವವರು ಆ ಮಾತಿಗೆ ಕಚೇರಿಯ ಅಂಗಿ ತೊಡಿಸಿ 'ಬಿಟ್ಟುಕೊಟ್ಟಿರುತ್ತೇನೆ' ಎಂದು ಬರೆದಿದ್ದಾರೆ. ಓದು ಬಾರದವನು ಹೆಬ್ಬೆಟ್ಟು ಒತ್ತಿ ಬಂದಿದ್ದಾನೆ. ಬಿಟ್ಟದ್ದು ಒಂದು ತುಂಡು, ಒಂದು ಬೆಳೆಗೆ. ಹೋಗಿದ್ದು ಇಡೀ ಹೊಲ.

ಎಷ್ಟು ಸಲೀಸಾಗಿ ಬಿಡಿಸಿಕೊಂಡಿತು ಎಂದು ಅವಳಿಗೆ ತನ್ನ ಮೇಲೇ ಮೆಚ್ಚುಗೆಯಾಯಿತು. ಸಲೀಸಾಗಿ ಬಿಡಿಸಿಕೊಂಡ ಗಂಟನ್ನು ಇನ್ನೊಮ್ಮೆ ಎಳೆದು ನೋಡಬೇಕೆಂಬ ಬುದ್ಧಿ ಮೆಚ್ಚುಗೆಯ ಹೊತ್ತಿನಲ್ಲಿ ಯಾರಿಗೂ ಬರುವುದಿಲ್ಲ.

ನ್ಯಾಯಮಂಡಳಿಯ ಗುಮಾಸ್ತರು ಒಳ್ಳೆಯ ಮನುಷ್ಯ. ಅವಳು ಹೋದ ಕೂಡಲೇ ಎದ್ದು ನಿಂತು, ತಮ್ಮ ಕರ್ಚೀಫಿನಿಂದಲೇ ಕುರ್ಚಿ ಒರೆಸಿ ಕೂರಿಸಿದರು. ಸುಣ್ಣ ಹೊಡೆದು ಹಳೆಯದಾದ ಗೋಡೆ, ಕಿಟಕಿಯ ಪಕ್ಕ ಒಂದು ಮೇಜು, ಮೇಜಿನ ಮೇಲೆ ತುದಿ ಮೊಂಡಾಗದಂತೆ ಟೊಪ್ಪಿ ಹಾಕಿಟ್ಟ ಪೆನ್ನುಗಳು. ಎಡಚಜ್ಜನ ಹೇಳಿಕೆ ಬರೆದುಕೊಂಡವರು ಅವರೇ. ಅಜ್ಜ ಆಡಿದ ಮಾತು ಯಾವುದೆಂದು ಇನ್‌ಸ್ಪೆಕ್ಟರಮ್ಮ ಕೇಳಿದಾಗ ಅವರು ಹಣೆ ಉಜ್ಜಿಕೊಂಡರು. ದಿನಕ್ಕೆ ಎಷ್ಟೋ ಜನ ಬರುತ್ತಾರೆ, ಪ್ರತಿಯೊಬ್ಬರ ಮಾತೂ ನೆನಪಿರುವುದಿಲ್ಲ ಎಂದರು. ಆಮೇಲೆ ನಗುತ್ತಾ, "ಬಿಟ್ಟೆ ಅಂದ್ರೇನು, ಬಿಟ್ಟುಕೊಟ್ಟೆ ಅಂದ್ರೇನು ಮೇಡಂ, ಎರಡೂ ಒಂದೇ ಅಲ್ವಾ? ಆಡುಮಾತನ್ನ ಬರಹಕ್ಕೆ ಇಳಿಸೋದೇ ನಮ್ಮ ಕೆಲಸ," ಎಂದರು.

ಇದಕ್ಕಿಂತ ಇನ್ನೇನು ಬೇಕು. ಇನ್‌ಸ್ಪೆಕ್ಟರಮ್ಮನಿಗೆ ಹಾಲು ಕುಡಿದಷ್ಟು ಸಂತೋಷವಾಯಿತು.

ನಾನು ಆ ಕಡೆಗೆ ಹೋದವನೇ ಅಲ್ಲ, ಹೊಲ ಎಲ್ಲಿದೆ ಅಂತಲೂ ಗೊತ್ತಿಲ್ಲ, ಕೂತಲ್ಲೇ ಬರೆಯುವ ಬಾಳು ನಮ್ಮದು ಎಂದು ಗುಮಾಸ್ತರು ನಿಟ್ಟುಸಿರು ಬಿಟ್ಟರು. ಬಾಗಿಲವರೆಗೆ ಬಂದು ಬೀಳ್ಕೊಡುತ್ತಾ, ಪಾಪ, ಆ ಕೊನೇ ತುಂಡಿನಲ್ಲಿ ಒಂದು ಬಾವಿ ತೋಡಿಸಿದ್ದರೆ ವರ್ಷವೆಲ್ಲ ನೀರು ಸಿಗುತ್ತಿತ್ತು, ಅಜ್ಜನಿಗೆ ಹೇಳುವವರು ಯಾರೂ ಇರಲಿಲ್ಲ ಎಂದು ಮರುಗಿದರು. ಇನ್‌ಸ್ಪೆಕ್ಟರಮ್ಮ ಆಗಲೇ ಗಾಡಿಯ ಕೀಲಿ ಹುಡುಕುತ್ತಿದ್ದಳು. ಆ ಮಾತನ್ನು ಈ ಕಿವಿಯಲ್ಲಿ ಕೇಳಿ ಆ ಕಿವಿಯಲ್ಲಿ ಬಿಟ್ಟಳು.

ಯಜಮಾನರ ಮನೆಯ ಅಂಗಳದಲ್ಲಿ ದನದ ಕೊಟ್ಟಿಗೆ ದಾಟಿ ಹೋಗಬೇಕು. ಕೊಟ್ಟಿಗೆಯ ಕಂಬಕ್ಕೆ ಎರಡು ಕುಡುಗೋಲು ಸಿಕ್ಕಿಸಿದ್ದವು. ಇನ್‌ಸ್ಪೆಕ್ಟರಮ್ಮ ದಾಟಿ ಹೋದವಳು ತಿರುಗಿ ಬಂದಳು.

ಒಂದನ್ನು ತೆಗೆದುಕೊಂಡು ಬಲಗೈಯಲ್ಲಿ ಹಿಡಿದು, ಹಸುವಿನ ಮುಂದಿದ್ದ ಹುಲ್ಲನ್ನು ಕೊಯ್ಯಲು ನೋಡಿದಳು. ಕುಡುಗೋಲು ಜಾರಿತು. ಎಡಗೈಗೆ ಬದಲಿಸಿದಳು. ಸರಕ್ಕನೆ ಕೊಯ್ದಿತು. ಹಲ್ಲುಗಳನ್ನು ಅರದಿಂದ ಉಜ್ಜಿದ್ದು ಇನ್ನೊಂದು ಮಗ್ಗುಲಿಗೆ. ಎಡಚನಿಗೆಂದೇ ಮಾಡಿಸಿದ ಕುಡುಗೋಲು ಅದು. ಹಿಡಿಗೆ ಹಸಿ ಹುಲ್ಲಿನ ಅಂಟು ಮೆತ್ತಿತ್ತು.

ಅವಳು ಅದನ್ನು ಹಿಡಿದುಕೊಂಡೇ ಜಗುಲಿ ಹತ್ತಿದಳು. ಯಜಮಾನರು ವಿಚಾರಣೆಗೆ ಹೊರಡಲು ಸಿದ್ಧರಾಗಿ, ಇಸ್ತ್ರಿ ಮಾಡಿದ ಬಿಳಿ ಅಂಗಿ ತೊಟ್ಟು ಕೂತಿದ್ದರು. ತಲೆಯೆಲ್ಲ ಬೆಳ್ಳಗಾದ, ದನಿ ಎತ್ತರಿಸದ ಮನುಷ್ಯ. ಅವರು ಮತ್ತು ಎಡಚಜ್ಜ ಒಂದೇ ಕೆರೆಯಲ್ಲಿ ಈಜು ಕಲಿತವರು. ಒಬ್ಬ ಹೊಲದ ಒಡೆಯನಾದ, ಒಬ್ಬ ಅದೇ ಹೊಲವನ್ನು ಗೇಣಿಗೆ ಉತ್ತ. ಅಷ್ಟಾದರೂ ಎಡಚಜ್ಜ ಅವರನ್ನು ಕರೆಯುತ್ತಿದ್ದದ್ದು ಅಣ್ಣ ಎಂದೇ.

"ಯಜಮಾನರೇ, ನಿಮ್ಮ ಮನೇಲಿ ಎಡಗೈಯವರು ಯಾರಿದಾರೆ?"

ಅವರು ಕುಡುಗೋಲನ್ನು ನೋಡಿದರು. "ಹಳೇದು ತಾಯಿ. ಯಾವಾಗಿನಿಂದಲೋ ಇದೆ."

"ಹಿಡಿ ಹಸಿಯಾಗಿದೆ."

ಯಜಮಾನರು ಅಂಗಿಯ ತೋಳಿನ ಮಡಿಕೆ ಸರಿಮಾಡಿಕೊಂಡರು. ಸರಿಯಾಗಿದ್ದ ಮಡಿಕೆಯನ್ನೇ ಮತ್ತೆ ಸರಿಮಾಡಿಕೊಂಡರು. ಕೊನೆಗೆ ಸುಸ್ತಾದವರಂತೆ ಕೈ ಕೆಳಗಿಟ್ಟರು.

"ಅವನಾಗೇ ಬಂದ," ಎಂದರು. "ಆ ಹೇಳಿಕೆ ಕೊಟ್ಟ ಮೇಲೆ ಸಂತೋಷವಾಗೇ ಬಂದ. ನಿನ್ನ ಮಾತಿನಿಂದ ಹೊಲ ನನಗೆ ವಾಪಸ್ ಬರುತ್ತೆ ಕಣೋ ಅಂತ ನಾನೇ ಹೇಳಿದ್ದು. ಇಲ್ಲೇ, ಈ ಮೆಟ್ಟಿಲ ಮೇಲೆ ಕುಸಿದು ಕೂತ. ಅವಳಿಗೆ ಹೇಗೆ ಮುಖ ತೋರಿಸಲಿ ಅಣ್ಣ, ಅಂದ. ಅವತ್ತಿನಿಂದ ಹಿಂದಿನ ಕೋಣೇಲಿದಾನೆ. ಬೆಳಗಿನ ಜಾವ ಎದ್ದು ಹೋಗಿ ಬದು ಸವರಿ ಬರ್ತಾನೆ. ಬೇಡ ಅಂದ್ರೆ ಕೇಳೋದಿಲ್ಲ."

"ಅಲ್ಲಿ ಅಜ್ಜಿ ಊರಿನ ಬಾವಿಯೆಲ್ಲ ಬಗ್ಗಿ ನೋಡ್ಕೊಂಡು ಬಂದ್ರು."

ಯಜಮಾನರ ಕಣ್ಣು ಹಿಂದಿನ ಕೋಣೆಯ ಕಡೆ ಹೋಯಿತು.

"ಒಂದೇ ಒಂದು ಕೇಳ್ತೀನಿ. ಮುಚ್ಚಿಟ್ಟಿದ್ದು ಪ್ರೀತಿಗಾ, ಹೊಲಕ್ಕಾ?"

ಯಜಮಾನರು ಅಂಗಳದ ಕಡೆ ಮುಖ ತಿರುಗಿಸಿದರು. "ಶುರುವಾಗಿದ್ದು ಪ್ರೀತಿಗೇ ತಾಯಿ. ಆಮೇಲೆ, ನಾನು ಸುಮ್ಮನಿದ್ರೆ ಸಾಕು, ಹೊಲ ಉಳಿಯುತ್ತೆ ಅಂತ ಗೊತ್ತಾಯ್ತು. ಗೊತ್ತಾದ ಮೇಲೂ ಸುಮ್ಮನಿದ್ದೆ."

"ಸುಮ್ಮನಿರಿ ಅಂತ ಯಾರಾದ್ರೂ ಹೇಳಿದ್ರಾ?"

ಅವರು ಕಣ್ಣು ತಪ್ಪಿಸಿದರು. ಹೊತ್ತಾಗುತ್ತಿದೆ, ಹೊರಡಬೇಕು ಎಂದರು. ಇನ್‌ಸ್ಪೆಕ್ಟರಮ್ಮ ಇನ್ನೊಂದು ಪ್ರಶ್ನೆಗೆ ಬಾಯಿ ತೆರೆದಿದ್ದಳು, ಆದರೆ ಅಷ್ಟರಲ್ಲಿ ಒಳಬಾಗಿಲಲ್ಲಿ ಎಡಚಜ್ಜ ನಿಂತಿದ್ದ.

ಅವಳು ಅವನನ್ನು ನೋಡುತ್ತಿದ್ದದ್ದು ಅದೇ ಮೊದಲು. ಇಷ್ಟು ದಿನ ಹುಡುಕಿದ ಮನುಷ್ಯ ಬಾಗಿಲ ಚೌಕಟ್ಟಿನಷ್ಟೂ ಅಗಲವಿರಲಿಲ್ಲ.

"ಅವಳು ಹೇಗಿದಾಳೆ?" ಎಂದು ಕೇಳಿದ.

"ನೀವು ಸವರಿದ ಬದು ಮುಟ್ಟಿ ನೋಡಿದ್ರು. ಇದು ಅವರ ಕೈ ಅಂದ್ರು."

ಎಡಚಜ್ಜ ತನ್ನ ಎಡಗೈಯನ್ನು ನೋಡಿಕೊಂಡ. ಆ ಕೈಯಿಂದಲೇ ಕಣ್ಣು ಒರೆಸಿಕೊಂಡ.

ಇನ್‌ಸ್ಪೆಕ್ಟರಮ್ಮ ಅವನನ್ನು ತನ್ನ ಗಾಡಿಯಲ್ಲಿ ಕೂರಿಸಿಕೊಂಡಳು. ದಾರಿಯಲ್ಲಿ ಹೇಳಿದ್ದು ಒಂದೇ ಮಾತು. ಕಚೇರಿಯಲ್ಲಿ ಅವತ್ತು ಏನು ಹೇಳಿದಿರೋ ಅದನ್ನೇ, ಒಂದಕ್ಷರ ಹೆಚ್ಚುಕಡಿಮೆ ಮಾಡದೆ ಹೇಳಿ, ಮಿಕ್ಕಿದ್ದು ನನಗಿರಲಿ. ಏನು ಹೇಳಿದಿರಿ ಎಂದು ಮಾತ್ರ ಅವಳು ಕೇಳಲಿಲ್ಲ. ಸಾಕ್ಷಿಯ ಬಾಯಿಗೆ ಮಾತು ತುರುಕಿದೆ ಎಂಬ ಆಪಾದನೆ ಬರಬಾರದೆಂಬುದು ಒಂದು ಕಾರಣ. ತನಗೆ ಗೊತ್ತೇ ಇದೆಯಲ್ಲ ಎಂಬುದು ಇನ್ನೊಂದು.

ವಿಚಾರಣೆಯ ಕೋಣೆ ತುಂಬಿತ್ತು. ಅಜ್ಜಿ ಮುಂದಿನ ಬೆಂಚಿನ ನಡುವೆ ಕೂತಿದ್ದಳು. ಬಾಗಿಲಲ್ಲಿ ಗಂಡನನ್ನು ಕಂಡಾಗ ಅವಳು ಕೂಗಲಿಲ್ಲ, ಅಳಲಿಲ್ಲ. ಅವನನ್ನು ತಲೆಯಿಂದ ಕಾಲಿನವರೆಗೆ ಒಮ್ಮೆ ನೋಡಿದಳು. ಆಮೇಲೆ ಬೆಂಚಿನ ಮೇಲೆ ಸ್ವಲ್ಪ ಸರಿದು ಜಾಗ ಮಾಡಿದಳು.

ಎಡಚಜ್ಜ ಬಂದು ಕೂತ. ಮೈ ತಾಗದಷ್ಟು ದೂರದಲ್ಲಿ ಕೂತ.

"ತೆಳ್ಳಗಾಗಿದೀರ," ಎಂದಳು ಅಜ್ಜಿ, ಮುಂದಿನ ಗೋಡೆ ನೋಡುತ್ತಾ. ಬೈಗುಳದ ದನಿಯಲ್ಲೇ ಅಂದಳು. ಅಂದವಳು ನಡುವೆ ಉಳಿದಿದ್ದ ಜಾಗವನ್ನು ತಾನೇ ಸರಿದು ಮುಚ್ಚಿದಳು.

ಹಿಂದೆ ನಿಂತಿದ್ದ ಇನ್‌ಸ್ಪೆಕ್ಟರಮ್ಮನಿಗೆ ಟೊಪ್ಪಿ ಸರಿಮಾಡಿಕೊಳ್ಳುವ ನೆಪ ಬೇಕಾಯಿತು.

ಅಧ್ಯಕ್ಷರು ಕನ್ನಡಕ ಏರಿಸಿ ಕೂತರು. ಪಕ್ಕದ ಮೇಜಿನಲ್ಲಿ ಗುಮಾಸ್ತರು ಪೆನ್ನಿನ ಟೊಪ್ಪಿ ತೆಗೆದರು. ಇನ್‌ಸ್ಪೆಕ್ಟರಮ್ಮ ಮುಂದೆ ಬಂದು, ಕಾಣೆಯಾದವರು ಸಿಕ್ಕಿದ್ದಾರೆ ಎಂದು ತಿಳಿಸಿ, ಬಿತ್ತದೆ ಬಿಟ್ಟ ತುಂಡಿನ ವಿಷಯ ವಿವರಿಸಿದಳು. ಉಳಿದ ಹೊಲದಲ್ಲಿ ಈಗಲೂ ಪೈರು ನಿಂತಿದೆ, ಬದು ಸವರಿದ್ದು ಇವತ್ತು ಬೆಳಿಗ್ಗೆ ಎಂದಳು. ಹೊಲ ಬಿಡುವುದಕ್ಕೂ ಹೊಲ ಬಿಟ್ಟುಕೊಡುವುದಕ್ಕೂ ಎಷ್ಟು ವ್ಯತ್ಯಾಸವೆಂದು ಅವಳು ಹೇಳುವಾಗ ಅಧ್ಯಕ್ಷರ ಮುಖದಲ್ಲಿ ನಗು ಮೂಡಿತು. ಅವರಿಗೂ ವಿಷಯ ಮನಸ್ಸಿಗೆ ಬಂದಂತಿತ್ತು. ಗುಮಾಸ್ತರು ತಲೆಯಾಡಿಸುತ್ತಾ ಒಂದು ಮಾತೂ ಬಿಡದೆ ಬರೆದುಕೊಂಡರು.

"ಹೇಳಿ ಅಜ್ಜ," ಎಂದರು ಅಧ್ಯಕ್ಷರು. "ಅವತ್ತು ಬಿಟ್ಟಿದೀನಿ ಅಂದ್ರಾ, ಬಿಟ್ಟುಕೊಟ್ಟಿದೀನಿ ಅಂದ್ರಾ?"

ಎಡಚಜ್ಜ ಎದ್ದು ನಿಂತ. ಇನ್‌ಸ್ಪೆಕ್ಟರಮ್ಮನ ಕಡೆ ಒಮ್ಮೆ ನೋಡಿದ. ಇದ್ದದ್ದನ್ನೇ ಹೇಳಲೇ ಎಂದು ಕೇಳುವ ನೋಟ. ಅವಳು ಧೈರ್ಯವಾಗಿ ತಲೆಯಾಡಿಸಿದಳು.

"ಬಿಟ್ಟುಕೊಟ್ಟಿದೀನಿ ಅಂದೆ ಸ್ವಾಮಿ."

ಅಧ್ಯಕ್ಷರ ನಗು ಹೋಯಿತು.

"ಬಿಟ್ಟುಕೊಟ್ಟಿದೀನಿ ಅಂತಲೇ? ಬಿತ್ತದೆ ಬಿಟ್ಟಿದ್ದು ಅಂತಲ್ಲವೇ?"

"ಅದೂ ಇದೆ ಸ್ವಾಮಿ, ಆ ತುಂಡು ಬೇರೆ ಮಾತು. ನಾನು ಅವತ್ತು ಹೇಳಿದ್ದು ಬಿಟ್ಟುಕೊಟ್ಟಿದೀನಿ ಅಂತಲೇ. ಇಡೀ ಹೊಲ."

"ಯಾರಿಗೆ?"

"ಇವಳಿಗೆ."

ಎಡಚಜ್ಜನಿಗೆ ಅಷ್ಟು ಜನರ ಮುಂದೆ ಹೆಂಡತಿಯ ಮುಖ ನೋಡಲು ನಾಚಿಕೆ. ಅಧ್ಯಕ್ಷರ ಮೇಜಿನ ಕಾಲನ್ನೇ ನೋಡುತ್ತಾ ಮಾತಾಡಿದ.

"ಹೊಲ ನಮ್ಮ ಹೆಸರಿಗೆ ಆಗುತ್ತೆ ಅಂದ್ರು. ನನ್ನ ಹೆಸರು ಬೇಡ, ನಾನು ಬಿಟ್ಟುಕೊಟ್ಟಿದೀನಿ, ಅವಳ ಹೆಸರು ಬರ್ಕೊಳ್ಳಿ ಅಂದೆ. ನನ್ನ ಮಂಡಿ ಹಿಡ್ಕೊಂಡ ಮೇಲೆ ನೇಗಿಲು ಹಿಡಿದಿದ್ದು ಅವಳೇ. ನಾನು ಬದು ಸವರೋಕಷ್ಟೇ ಲಾಯಕ್ಕು. ಇವಳಿಗೆ ಆಮೇಲೆ ಹೇಳಿ ಆಶ್ಚರ್ಯ ಮಾಡೋಣ ಅಂತಿದ್ದೆ. ಆಮೇಲೆ ಗೊತ್ತಾಯ್ತು, ನನ್ನ ಮಾತಲ್ಲಿ ಅರ್ಧ ಮಾತ್ರ ಬರ್ಕೊಂಡಿದಾರೆ ಅಂತ."

ಇನ್‌ಸ್ಪೆಕ್ಟರಮ್ಮ ಕಣ್ಣು ಮುಚ್ಚಿಕೊಂಡಳು. ಅಜ್ಜಿ ಕೇಳಿದ್ದ ಪ್ರಶ್ನೆಗೆ ಉತ್ತರ ಸಿಕ್ಕಿತ್ತು, ಊರಿಗೆಲ್ಲ ಕೇಳುವ ಹಾಗೆ ಸಿಕ್ಕಿತ್ತು. ಆದರೆ ಅದೇ ಉತ್ತರ ಹೊಲವನ್ನು ಕೈಯಾರೆ ಕಳೆಯುತ್ತಿತ್ತು. ಗೇಣಿದಾರ ತನ್ನ ಹಕ್ಕನ್ನು ಹೆಂಡತಿಗೆ ಬಿಟ್ಟುಕೊಡುವ ಏರ್ಪಾಡು ಕಾನೂನಿನಲ್ಲಿ ಇಲ್ಲ. ಬಿಟ್ಟುಕೊಟ್ಟರೆ ಅದು ಹೋಗುವುದು ಒಡೆಯನಿಗೆ. ಅಧ್ಯಕ್ಷರು ಇದನ್ನೇ ಆದಷ್ಟು ಮೆದುವಾಗಿ ಹೇಳಿದರು. ನಿಮ್ಮ ಮನಸ್ಸು ನನಗೆ ಅರ್ಥವಾಗುತ್ತದೆ ಅಜ್ಜ, ಆದರೆ ಬಿಟ್ಟುಕೊಟ್ಟದ್ದು ಹೌದೆಂದು ನೀವೇ ಹೇಳಿಬಿಟ್ಟಿರಿ ಎಂದು ಪೆನ್ನು ಎತ್ತಿಕೊಂಡರು.

"ಸ್ವಲ್ಪ ಇರಿ," ಎಂದಳು ಅಜ್ಜಿ.

ಅವಳು ಸೆರಗು ಸರಿಮಾಡಿಕೊಂಡು ಎದ್ದಳು. ಕೆನ್ನೆ ಒದ್ದೆಯಾಗಿತ್ತು, ಒರೆಸಿಕೊಳ್ಳುವ ಗೋಜಿಗೆ ಹೋಗಲಿಲ್ಲ.

"ಇವರು ಕೊಟ್ಟೆ ಅಂದ್ರೆ ಮುಗೀತಾ? ತಗೊಳ್ಳೋರು ಬೇಡ್ವಾ? ನಾನಂತೂ ತಗೊಂಡಿಲ್ಲ. ನನ್ನನ್ನ ಕೇಳಿದ್ರೆ ಬೇಡ ಅಂತಿದ್ದೆ, ಇಬ್ಬರ ಹೆಸರೂ ಇರಲಿ ಅಂತಿದ್ದೆ. ಮನೆಯವರನ್ನ ಒಂದು ಮಾತು ಕೇಳದೆ ದಾನ ಮಾಡೋಕೆ ಹೋದ್ರೆ ಹೀಗೇ ಆಗೋದು."

ಹಿಂದಿನ ಬೆಂಚಿನಲ್ಲಿ ಯಾರೋ ನಕ್ಕರು. ಎಡಚಜ್ಜ ತಲೆ ತಗ್ಗಿಸಿದ. ಅಜ್ಜಿ ಕೂರುವಾಗ ಎಲ್ಲರೂ ನೋಡುತ್ತಿದ್ದಂತೆಯೇ ಅವನ ಎಡಗೈ ಹಿಡಿದು ತನ್ನ ಮಡಿಲಲ್ಲಿಟ್ಟುಕೊಂಡಳು.

ಅಧ್ಯಕ್ಷರು ಪೆನ್ನು ಕೆಳಗಿಟ್ಟರು. ಅಜ್ಜಿ ಹೇಳಿದ್ದರಲ್ಲಿ ಕಾನೂನಿನ ತಿರುಳೇ ಇದೆ ಎಂದರು. ಗೇಣಿದಾರ ಬಾಯಲ್ಲಿ ಬಿಟ್ಟುಕೊಟ್ಟರಷ್ಟೇ ಸಾಲದು, ಒಡೆಯ ಹೊಲವನ್ನು ಕೈಗೆ ತೆಗೆದುಕೊಂಡಿರಬೇಕು. ತೆಗೆದುಕೊಂಡಿಲ್ಲವಾದರೆ ಬಿಟ್ಟುಕೊಟ್ಟ ಮಾತಿಗೆ ಬೆಲೆಯಿಲ್ಲ, ಉಳುವವರದು ಉಳುವವರಿಗೇ ಉಳಿಯುತ್ತದೆ. ಅವರು ಯಜಮಾನರ ಕಡೆ ತಿರುಗಿದರು.

"ಹೊಲ ನೀವು ಕೈಗೆ ತಗೊಂಡಿದೀರಾ, ಇಲ್ವಾ? ಹೌದು ಅಥವಾ ಇಲ್ಲ, ಅಷ್ಟೇ ಹೇಳಿ."

ಯಜಮಾನರು ಎದ್ದರು. ಒಂದೇ ಶಬ್ದ ಸಾಕಿತ್ತು. ಬಿಳಿ ಅಂಗಿಯ ತೋಳಿನ ಮಡಿಕೆಗೆ ಕೈ ಹೋಯಿತು, ಅರ್ಧಕ್ಕೇ ನಿಂತಿತು. ಅವರು ಎಡಚಜ್ಜನನ್ನು ನೋಡಿದರು. ಅಜ್ಜಿಯ ಮಡಿಲಲ್ಲಿದ್ದ ಆ ಕೈಯನ್ನು ನೋಡಿದರು. ಇಲ್ಲ ಎನ್ನಿ, ಇಲ್ಲ ಎನ್ನಿ ಎಂದು ಇನ್‌ಸ್ಪೆಕ್ಟರಮ್ಮನ ಮನಸ್ಸು ಬೇಡುತ್ತಿತ್ತು.

"ನಾನು ತಗೊಂಡಿಲ್ಲ," ಎಂದರು ಯಜಮಾನರು. ಅವಳು ಉಸಿರು ಬಿಡುವಷ್ಟರಲ್ಲಿ ಅವರೇ ಮುಂದುವರಿಸಿದರು. "ಆದ್ರೆ ಅದನ್ನ ಹೇಳೋ ಹಕ್ಕು ನನಗಿಲ್ಲ ಸ್ವಾಮಿ. ಆ ಹೊಲ ನಾನೂ ಬಿಟ್ಟಿದೀನಿ."

ಅಧ್ಯಕ್ಷರು ಹಣೆಗೆ ಕೈ ಹಚ್ಚಿದರು. "ನೀವೂ ಬಿಟ್ಟಿದೀರಾ? ನಿಮ್ಮದು ಯಾವ ಬಿಟ್ಟಿದ್ದು?"

"ಮಾರಿಬಿಟ್ಟಿದೀನಿ," ಎಂದರು ಯಜಮಾನರು. ಕಣ್ಣಲ್ಲಿ ನೀರಿತ್ತು. "ಇವನು ಕಚೇರಿಗೆ ಬರೋದಕ್ಕೂ ಮೊದಲೇ. ಇವನಿಗೂ ಹೇಳಲಿಲ್ಲ, ಬೆಳಿಗ್ಗೆ ಈ ಇನ್‌ಸ್ಪೆಕ್ಟರಮ್ಮನಿಗೂ ಹೇಳಲಿಲ್ಲ. ಅಜ್ಜನ ಮಾತು ಹೇಗೆ ಬೇಕೋ ಹಾಗೆ ಬರುತ್ತೆ, ನೀವು ಸುಮ್ಮನಿದ್ರೆ ಸಾಕು ಅಂದ್ರು."

"ಅಂದವರು ಯಾರು? ಮಾರಿದ್ದು ಯಾರಿಗೆ?"

ಯಜಮಾನರ ನೋಟ ಅಧ್ಯಕ್ಷರನ್ನು ದಾಟಿ ಪಕ್ಕದ ಮೇಜಿಗೆ ಸರಿಯಿತು. ಆ ಕ್ಷಣದಲ್ಲಿ ಇನ್‌ಸ್ಪೆಕ್ಟರಮ್ಮನಿಗೆ ಬೆಳಿಗ್ಗೆ ಕಿವಿಯಿಂದ ಆಚೆ ಬಿಟ್ಟಿದ್ದ ಮಾತು ತಾನಾಗಿಯೇ ಹಿಂದಿರುಗಿತು. ಆ ಹೊಲ ಎಲ್ಲಿದೆಯೆಂದೇ ಗೊತ್ತಿಲ್ಲದವರು, ಅದರ ಕೊನೇ ತುಂಡಿನ ಕೆಳಗೆ ನೀರಿರುವುದನ್ನು ಕಂಡದ್ದು ಹೇಗೆ?

ಅವಳು ಮೆಲ್ಲನೆ ತಿರುಗಿ ನೋಡಿದಳು. ಗುಮಾಸ್ತರು ಬೆಳಗಿನಷ್ಟೇ ಸೌಮ್ಯವಾಗಿ ಕೂತಿದ್ದರು. ಆವರೆಗೆ ಆ ಕೋಣೆಯಲ್ಲಿ ಆಡಿದ ಪ್ರತಿಯೊಂದು ಮಾತೂ ಅವರ ಮುಂದಿನ ಹಾಳೆಯಲ್ಲಿತ್ತು. ಯಜಮಾನರ ಕೊನೆಯ ಮಾತನ್ನು ಮಾತ್ರ ಅವರು ಬರೆದುಕೊಂಡಿರಲಿಲ್ಲ. ಪೆನ್ನಿಗೆ ಟೊಪ್ಪಿ ಹಾಕುತ್ತಿದ್ದರು.